ನಿಮ್ಮ ಫ್ಯಾಂಟಸಿ ಕತೆಗೆ ಒಂದು ದೈತ್ಯ ತೋಪು ಕಟ್ಟುವುದು ಹೇಗೆ?

ಫ್ಯಾಂಟಸಿ ಕತೆಗಳಲ್ಲಿ ದೊಡ್ಡ ತೋಪು, ಅಂದರೆ ಫಿರಂಗಿ, ಬರುವ ರೀತಿ ಹೆಚ್ಚು ಕಡಿಮೆ ಒಂದೇ. ಅರಸ ಕೈ ಎತ್ತುತ್ತಾನೆ. ಢಂ ಅನ್ನುತ್ತದೆ. ಕೋಟೆ ಬೀಳುತ್ತದೆ. ಮುಂದಿನ ಅಧ್ಯಾಯದಲ್ಲಿ ಆ ತೋಪು ಎಲ್ಲಿ ಹೋಯಿತು ಅಂತ ಕೇಳಿದರೆ ಬರೆದವರಿಗೇ ಗೊತ್ತಿರುವುದಿಲ್ಲ.

ನಿಜವಾದ ತೋಪುಗಳ ಚರಿತ್ರೆ ಓದಿದರೆ ಬೇರೆಯೇ ಲೋಕ ತೆರೆದುಕೊಳ್ಳುತ್ತದೆ. ಗುಂಡು ಹಾರುವುದು ಒಂದು ಕ್ಷಣದ ಕೆಲಸ. ಅದಕ್ಕೂ ಮೊದಲು ತಿಂಗಳುಗಟ್ಟಲೆ ಲೋಹ ಕೂಡಿಸಬೇಕು, ಎರಕ ಹೊಯ್ಯಬೇಕು, ದಾರಿ ಸರಿಮಾಡಬೇಕು, ಎತ್ತು ಹೊಂದಿಸಬೇಕು. ಕತೆಗೆ ಬೇಕಾದ ಜನ, ಜಗಳ, ದುಡ್ಡು, ಭಯ ಎಲ್ಲ ಅಲ್ಲೇ ಸಿಗುತ್ತವೆ. ಹಾಗಾಗಿ ತೋಪಿನ ಶಕ್ತಿ ಎಷ್ಟು ಅನ್ನುವುದಕ್ಕಿಂತ ಮೊದಲು ಅದರ ತೊಂದರೆಗಳೇನು ಅಂತ ಬರೆದಿಟ್ಟುಕೊಳ್ಳಿ ಅಂತ ನಾನು ಹೇಳುವುದು.

ಈ ಲೇಖನದಲ್ಲಿ ಒಂದು ತೋಪನ್ನು ಸೊನ್ನೆಯಿಂದ ಕಟ್ಟೋಣ. ಹೆಸರು ಕೆಮ್ಮಜ್ಜಿ. ಹೆಸರು ಯಾಕೆ ಹೀಗೆ ಅಂತ ಮುಂದೆ ಗೊತ್ತಾಗುತ್ತದೆ. ಪಕ್ಕದಲ್ಲಿ ನಿಜವಾದ ತೋಪುಗಳನ್ನೂ ಇಟ್ಟುಕೊಳ್ಳೋಣ. ನೀವು ಕತೆ ಬರೆಯುವವರಾಗಿರಲಿ, ಗೆಳೆಯರನ್ನು ಕೂರಿಸಿಕೊಂಡು ದಾಳದ ಆಟ ಆಡಿಸುವವರಾಗಿರಲಿ, ಹಂತಗಳು ಇವೇ.

1. ಮೊದಲು ಗೋಡೆ, ಆಮೇಲೆ ತೋಪು

ಅಷ್ಟು ದೊಡ್ಡ ತೋಪನ್ನು ಯಾರೂ ಸುಮ್ನೆ ಮಾಡಿಸುವುದಿಲ್ಲ. ಬೇರೆ ಯಾವುದರಿಂದಲೂ ಒಡೆಯಲಾಗದ ಗೋಡೆಯೊಂದು ಎದುರಿಗಿರಬೇಕು. ಕಾನ್‌ಸ್ಟಾಂಟಿನೋಪಲ್ (ಈಗಿನ ಇಸ್ತಾಂಬುಲ್) ನಗರದ ನೆಲದ ಕಡೆಯ ಗೋಡೆಗಳು ಐದನೇ ಶತಮಾನದವು. ಸುಮಾರು ಸಾವಿರ ವರ್ಷ ಎಷ್ಟೋ ಸೈನ್ಯಗಳು ಬಂದು ವಾಪಸ್ ಹೋದವು. 1453ರಲ್ಲಿ ಒಟ್ಟೊಮನ್ ಸುಲ್ತಾನ ಎರಡನೇ ಮೆಹಮದ್ ದೈತ್ಯ ತೋಪು ತಂದದ್ದು ಆ ಗೋಡೆಗಾಗಿ.

ಆದ್ದರಿಂದ ತೋಪಿನ ಬಗ್ಗೆ ಒಂದು ಸಾಲು ಬರೆಯುವ ಮೊದಲು ಗೋಡೆಯ ಬಗ್ಗೆ ಅರ್ಧ ಪುಟ ಬರೆಯಿರಿ. ಎಷ್ಟು ದಪ್ಪ? ಯಾವ ಕಲ್ಲು? ಹಿಂದೆ ಯಾರು ಯಾರು ಬಂದು ಸೋತರು? ಯಾವ ಕಡೆಯಿಂದ ಮಾತ್ರ ಹತ್ತಿರ ಹೋಗಬಹುದು? ಕೆಮ್ಮಜ್ಜಿಯ ಎದುರಿಗೆ ಮಂಜಿನಕೋಟೆ ಇದೆ ಅಂತಿಟ್ಟುಕೊಳ್ಳಿ. ಒಂದು ಕಡೆ ಹೊಳೆ, ಎರಡು ಕಡೆ ಕಡಿದಾದ ಬಂಡೆ. ಉಳಿದ ಒಂದೇ ದಿಕ್ಕಿನಲ್ಲಿ ಮೂರು ಆಳು ದಪ್ಪದ ಕರಿಗಲ್ಲಿನ ಗೋಡೆ. ತೋಪು ಎಲ್ಲಿ ನಿಲ್ಲಬೇಕು, ಯಾವ ದಾರಿಯಲ್ಲಿ ಬರಬೇಕು ಅನ್ನುವುದು ಇಷ್ಟರಲ್ಲೇ ತೀರ್ಮಾನವಾಯಿತು.

ಇನ್ನೊಂದು ಮಾತು. ನಿಮ್ಮ ಶತ್ರು ಹಾರುವ ಹಾವೋ ರೆಕ್ಕೆಯ ರಾಕ್ಷಸನೋ ಆಗಿದ್ದರೆ ಈ ತೋಪು ಬೇಡ. ದಿನಕ್ಕೆ ಕೆಲವೇ ಸಲ ಹಾರುವ, ದಿಕ್ಕು ಬದಲಿಸಲು ಗಂಟೆಗಟ್ಟಲೆ ಬೇಕಾಗುವ ವಸ್ತು ಅದು. ಆಕಾಶದ ಶತ್ರುವಿಗೆ ಮೈಸೂರು ಸೈನ್ಯದ ರಾಕೆಟ್‌ಗಳ ಹಾಗೆ ಹಗುರವಾದ, ರಾಶಿಗಟ್ಟಲೆ ಹಾರಿಸುವಂಥದ್ದು ವಾಸಿ. ಶಿವಮೊಗ್ಗ ಜಿಲ್ಲೆಯ ನಗರದಲ್ಲಿ 2018ರಲ್ಲಿ ಒಂದು ಪಾಳುಬಾವಿಯಿಂದ ಸಾವಿರಕ್ಕೂ ಹೆಚ್ಚು ಹಳೇ ರಾಕೆಟ್ ಕೊಳವೆಗಳು ಸಿಕ್ಕವು. ಅದನ್ನೇ ಹಿಡಿದು ಬೇರೆಯೇ ಕತೆ ಬರೆಯಬಹುದು.

2. ಶಕ್ತಿ ಎಲ್ಲಿಂದ ಬರುತ್ತದೆ? ಒಂದೇ ನಿಯಮ ಇಟ್ಟುಕೊಳ್ಳಿ

ಮಾಮೂಲಿ ಕರಿಮದ್ದು ಸಾಕು ಅಂದರೆ ಈ ಹಂತ ಬಿಟ್ಟುಬಿಡಿ, ತಪ್ಪೇನಿಲ್ಲ. ಮಾಯೆ ಬೇಕು ಅಂದರೆ ಒಂದೇ ಒಂದು ನಿಯಮ ಮಾಡಿ. ಅದರಿಂದ ಹುಟ್ಟುವ ಎಲ್ಲ ಪರಿಣಾಮಗಳನ್ನೂ ಒಪ್ಪಿಕೊಳ್ಳಿ. "ಮಂತ್ರವಾದಿ ಮಂತ್ರ ಹೇಳಿದ, ತೋಪು ಹಾರಿತು" ಅನ್ನುವುದು ನಿಯಮ ಅಲ್ಲ. ಮಂತ್ರವಾದಿ ಇನ್ನೊಂದು ಸಲ ಯಾಕೆ ಹೇಳಬಾರದು ಅಂತ ಓದುಗರು ಕೇಳಿದರೆ ಉತ್ತರ ಇರಬೇಕು.

ಕೆಮ್ಮಜ್ಜಿಯ ನಿಯಮ ಇದು: ಅದು ಸದ್ದನ್ನು ತಿನ್ನುತ್ತದೆ. ನಳಿಗೆಯ ಹಿಂಭಾಗದಲ್ಲಿ ಕಿವಿಯ ಆಕಾರದ ಒಂದು ಬಾಯಿ ಇದೆ. ಅದರ ಮುಂದೆ ನೂರು ಜನ ರಾತ್ರಿಯಿಡೀ ಡೊಳ್ಳು ಬಾರಿಸಬೇಕು. ಆ ಸದ್ದೆಲ್ಲ ಕಂಚಿನೊಳಗೆ ಸೇರಿಕೊಳ್ಳುತ್ತದೆ. ಬೆಳಿಗ್ಗೆ ಕಿವಿ ಮುಚ್ಚಿ ಸರಿಯಾದ ಜಾಗದಲ್ಲಿ ಒಮ್ಮೆ ತಟ್ಟಿದರೆ ತುಂಬಿದ್ದೆಲ್ಲ ಒಟ್ಟಿಗೆ ಹೊರಬಂದು ಕಲ್ಲುಗುಂಡನ್ನು ದೂಡುತ್ತದೆ.

ಈ ಕಲ್ಪನೆ ಗಾಳಿಯಿಂದ ಬಂದದ್ದಲ್ಲ. ವಿಜಯಪುರದ ಮಲಿಕ್-ಎ-ಮೈದಾನ್ ತೋಪನ್ನು ಬೆರಳಿನಿಂದ ತಟ್ಟಿದರೆ ಗಂಟೆಯ ಹಾಗೆ ನಾದ ಬರುತ್ತದೆ. ಗಂಟೆ ಎರೆಯುವ ಕಂಚಿನಂಥ ಲೋಹದಲ್ಲೇ ಅದನ್ನು ಎರೆದಿದ್ದಾರೆ. ಆ ನಾದವನ್ನು ಸ್ವಲ್ಪ ಎಳೆದರೆ ಕೆಮ್ಮಜ್ಜಿ.

ಈಗ ಪರಿಣಾಮಗಳನ್ನು ಬರೆಯಿರಿ. ಡೊಳ್ಳು ಬಾರಿಸುವಾಗ ಸುತ್ತ ಒಂದು ಬಾಣದೆಸೆತದಷ್ಟು ದೂರ ಯಾವ ಸದ್ದೂ ಕೇಳಿಸುವುದಿಲ್ಲ, ಎಲ್ಲ ನಳಿಗೆಗೆ ಹೋಗುತ್ತದೆ. ಹಾಗಾದರೆ ಆಜ್ಞೆ ಕೊಡುವುದು ಹೇಗೆ? ಕೈಸನ್ನೆಯಲ್ಲಿ. ಕೋಟೆಯವರಿಗೆ ಪಂಜುಗಳು ಕಾಣುತ್ತವೆ, ನೂರು ಕೈ ಏರಿ ಇಳಿಯುವುದು ಕಾಣುತ್ತದೆ, ಸದ್ದು ಮಾತ್ರ ಇಲ್ಲ. ಮಳೆ ಬಂದರೆ? ಡೊಳ್ಳಿನ ಚರ್ಮ ಸಡಿಲವಾಗುತ್ತದೆ, ತೋಪು ತುಂಬುವುದಿಲ್ಲ. ಅಲ್ಲಿ ಯಾರಾದರೂ ಪಿಸುಗುಟ್ಟಿದರೆ? ಅದೂ ಒಳಗೆ ಹೋಗುತ್ತದೆ, ಬೆಳಿಗ್ಗೆ ಗುಂಡಿನ ಜೊತೆ ಹೊರಗೆ ಬರುತ್ತದೆ. ಸೇನಾಪತಿ ರಾತ್ರಿ ಯಾರ ಕಿವಿಯಲ್ಲೋ ಹೇಳಿದ ಗುಟ್ಟು ಹೊತ್ತು ಮೂಡುವಾಗ ಇಡೀ ಸೈನ್ಯಕ್ಕೆ ಕೇಳಿಸಬಹುದು. ಕತೆಯ ಅರ್ಧ ತಿರುವು ಇಲ್ಲೇ ಸಿಕ್ಕಿತಲ್ವಾ?

ಒಮ್ಮೆ ತುಂಬಿದ ಸದ್ದು ಯಾವತ್ತಾದರೂ ಹೊರಗೆ ಬರಲೇಬೇಕು ಅನ್ನುವುದನ್ನೂ ಬರೆದಿಡಿ. ಕೊನೆಯಲ್ಲಿ ಬೇಕಾಗುತ್ತದೆ.

3. ತೂಕದ ಲೆಕ್ಕ ಹಾಕಿ

ಇದನ್ನು ತಪ್ಪಿಸಿಕೊಳ್ಳುವವರೇ ಜಾಸ್ತಿ. ಐದು ನಿಮಿಷದ ಕೆಲಸ, ದಯವಿಟ್ಟು ಮಾಡಿ. ಉಳಿದ ಎಲ್ಲ ಹಂತಗಳೂ ಈ ಒಂದು ಸಂಖ್ಯೆಯ ಮೇಲೆ ನಿಂತಿವೆ.

ಎಲ್ಲ ಅಳತೆಯೂ ಮೀಟರ್‌ನಲ್ಲಿರಲಿ. ತೋಪಿನ ಹೊರಗಿನ ವ್ಯಾಸವನ್ನು ಅದರಿಂದಲೇ ಗುಣಿಸಿ. ಒಳಗಿನ ವ್ಯಾಸವನ್ನೂ ಹಾಗೇ ಗುಣಿಸಿ, ಮೊದಲಿನದರಿಂದ ಕಳೆಯಿರಿ. ಬಂದದ್ದನ್ನು ಉದ್ದದಿಂದ ಗುಣಿಸಿ, ಮತ್ತೆ 0.785ರಿಂದ ಗುಣಿಸಿ. ಇದು ಎಷ್ಟು ಘನ ಮೀಟರ್ ಲೋಹ ಬೇಕು ಅನ್ನುವ ಲೆಕ್ಕ. ಕಂಚಾದರೆ ಒಂದು ಘನ ಮೀಟರ್‌ಗೆ ಸುಮಾರು 8.7 ಟನ್ ಹಿಡಿಯಿರಿ.

ಕೆಮ್ಮಜ್ಜಿಯ ಉದ್ದ 4 ಮೀಟರ್, ಹೊರವ್ಯಾಸ 1 ಮೀಟರ್, ಬಾಯಿ ಅರ್ಧ ಮೀಟರ್. ಲೆಕ್ಕ ಹಾಕಿದರೆ 20 ಟನ್ ದಾಟುತ್ತದೆ. ಲೆಕ್ಕ ನಂಬಬಹುದಾ ಅನ್ನುವ ಅನುಮಾನ ಇದ್ದರೆ ಮಲಿಕ್-ಎ-ಮೈದಾನ್‌ಗೆ ಹಾಕಿ ನೋಡಿ. ಉದ್ದ ಸುಮಾರು 4.45 ಮೀಟರ್, ಹೊರವ್ಯಾಸ 1.5, ಬಾಯಿ 0.7. ಬರುವ ಉತ್ತರ 53 ಟನ್ನಿನ ಆಸುಪಾಸು. ಸಾಮಾನ್ಯವಾಗಿ ಅದರ ತೂಕ ಅಂತ ಹೇಳುವುದು 55 ಟನ್.

ಈಗ ಗುಂಡು. 48 ಸೆಂಟಿಮೀಟರ್ ವ್ಯಾಸದ ಕಲ್ಲುಗುಂಡು ಸುಮಾರು 155 ಕಿಲೋ ತೂಗುತ್ತದೆ. ಅದೇ ಅಳತೆಯ ಕಬ್ಬಿಣದ ಗುಂಡಾದರೆ 450 ಕಿಲೋ. ಹಳೇ ದೈತ್ಯ ತೋಪುಗಳು ಕಲ್ಲನ್ನೇ ಬಳಸಿದ್ದು ಯಾಕೆ ಅಂತ ಇಲ್ಲೇ ಗೊತ್ತಾಗುತ್ತದೆ. ಅಷ್ಟು ಭಾರದ ಕಬ್ಬಿಣ ತಳ್ಳಲು ಹಾಕಬೇಕಾದ ಮದ್ದಿಗೆ ನಳಿಗೆಯೇ ಸೀಳಿಹೋಗುತ್ತಿತ್ತು. ಇನ್ನೊಂದು ವಿಷಯ ನೆನಪಿಡಿ: ಗುಂಡಿನ ವ್ಯಾಸ ಎರಡರಷ್ಟಾದರೆ ತೂಕ ಎಂಟರಷ್ಟಾಗುತ್ತದೆ. "ಇದು ಹಳೇ ತೋಪಿಗಿಂತ ಬರೀ ಎರಡರಷ್ಟು ದೊಡ್ಡದು" ಅಂತ ಬರೆಯುವ ಮುಂಚೆ ಒಮ್ಮೆ ಯೋಚಿಸಿ.

ಉದ್ದ ಬೇಕೋ ದಪ್ಪ ಬೇಕೋ ಅನ್ನುವುದೂ ಇಲ್ಲೇ ನಿರ್ಧಾರವಾಗಲಿ. ಕಲಬುರಗಿ ಕೋಟೆಯ ಬಾರಾ ಗಜಿ ತೋಪು 29 ಅಡಿ ಉದ್ದ, ಸಪೂರ. ಮಲಿಕ್-ಎ-ಮೈದಾನ್ ಗಿಡ್ಡ, ಆದರೆ ಬಾಯಿ ಅಗಲ. ಎರಡನ್ನೂ ಒಂದೇ ಪ್ರವಾಸದಲ್ಲಿ ನೋಡಬಹುದು. ಆಕಾರ ನೋಡಿದರೇ ಎರಡರ ಸ್ವಭಾವ ಬೇರೆ ಅಂತ ಅನ್ನಿಸುತ್ತದೆ.

4. ಲೋಹ ಯಾರ ಮನೆಯದು?

20 ಟನ್ ಕಂಚು ಅರಸನ ಉಗ್ರಾಣದಲ್ಲಿ ಬಿದ್ದಿರುವುದಿಲ್ಲ. ಎಲ್ಲಿಂದ ತಂದರು? 1700ರಲ್ಲಿ ನಾರ್ವಾ ಯುದ್ಧದಲ್ಲಿ ತೋಪುಗಳನ್ನೆಲ್ಲ ಕಳೆದುಕೊಂಡ ರಷ್ಯಾದ ಪೀಟರ್ ದೊರೆ ಚರ್ಚುಗಳ ಗಂಟೆಗಳನ್ನು ಇಳಿಸಿ ಕರಗಿಸಿ ಹೊಸ ತೋಪು ಮಾಡಿಸಿದ. ಕೆಮ್ಮಜ್ಜಿಗೂ ಇದು ಹೇಳಿ ಮಾಡಿಸಿದ ಹಾಗಿದೆ. ರಾಜ್ಯದ ಊರೂರಿನ ಗುಡಿಗಂಟೆ ಇಳಿಸಿದ್ದಾರೆ. ಗಂಟೆ ಕಳೆದುಕೊಂಡ ಊರಿನ ಒಬ್ಬ ಹುಡುಗಿ ಡೊಳ್ಳಿನವರ ಗುಂಪಿನಲ್ಲಿದ್ದಾಳೆ. ತಟ್ಟಿದಾಗ ಬರುವ ನಾದದಲ್ಲಿ ಅವಳಿಗೆ ತನ್ನೂರಿನ ಗಂಟೆ ಯಾವುದು ಅಂತ ಗೊತ್ತಾಗುತ್ತದೆ. ನಿಮಗೆ ನಾಯಕಿಯೂ ಸಿಕ್ಕಳು.

ಮಾಡುವ ವಿಧಾನ ಎರಡು. ಒಂದು ಎರಕ. ಇನ್ನೊಂದು, ಮೆತುಕಬ್ಬಿಣದ ಪಟ್ಟಿಗಳನ್ನು ಉದ್ದಕ್ಕೆ ಜೋಡಿಸಿ ಮೇಲೆ ಕಾಸಿದ ಬಳೆಗಳನ್ನು ಬಿಗಿಯುವುದು, ಮರದ ಪೀಪಾಯಿಗೆ ಪಟ್ಟಿ ಹಾಕಿದ ಹಾಗೆ. ಸ್ಕಾಟ್ಲೆಂಡಿನ ಎಡಿನ್‌ಬರೊ ಕೋಟೆಯಲ್ಲಿರುವ ಮಾನ್ಸ್ ಮೆಗ್ ಎರಡನೇ ರೀತಿಯದು. ಈಗ ಬೆಲ್ಜಿಯಂನಲ್ಲಿರುವ ಮಾನ್ಸ್ ಪಟ್ಟಣದಲ್ಲಿ 1449ರಲ್ಲಿ ಮಾಡಿದ್ದು. ಅದರ ಬಾಯಿಯೂ ಕೆಮ್ಮಜ್ಜಿಯ ಬಾಯಷ್ಟೇ ಅಗಲ. ನಿಮ್ಮ ಲೋಕದಲ್ಲಿ ಕಮ್ಮಾರರು ಜಾಸ್ತಿ, ಕಂಚು ಕಡಿಮೆ ಅಂದರೆ ಈ ದಾರಿ ಹಿಡಿಯಿರಿ.

ಎರಕದ ದೃಶ್ಯ ಬರೆಯುವುದಾದರೆ ಗುಂಡಿಯಿಂದ ಶುರುಮಾಡಿ. ನೆಲದಲ್ಲಿ ಆಳದ ಗುಂಡಿ, ಅದರಲ್ಲಿ ನಿಲ್ಲಿಸಿದ ಮಣ್ಣಿನ ಅಚ್ಚು, ಸುತ್ತ ದಮ್ಮಸು ಮಾಡಿದ ಮಣ್ಣು. ಕುಲುಮೆಗಳಿಂದ ಕಾಲುವೆಯಲ್ಲಿ ಹರಿದುಬರುವ ಕರಗಿದ ಕಂಚು. ಅಚ್ಚು ಪೂರ್ತಿ ಒಣಗಿರಬೇಕು. ಒಳಗೆ ಸ್ವಲ್ಪ ತೇವ ಉಳಿದರೂ ಅದು ಆವಿಯಾಗಿ ಸಿಡಿಯುತ್ತದೆ, ಪಕ್ಕದಲ್ಲಿರುವವರು ಉಳಿಯುವುದಿಲ್ಲ. ಅಚ್ಚು ಒಣಗುವವರೆಗೆ ಕಾಯಿ ಅನ್ನುವ ಎರಕದವನು, ನಾಳೆಯೇ ಬೇಕು ಅನ್ನುವ ಅರಸ. ಇಷ್ಟಿದ್ದರೆ ಒಂದು ಅಧ್ಯಾಯ ಆಯಿತು.

ಎರಕದವನು ಯಾರು ಅನ್ನುವುದೂ ಮುಖ್ಯ. ಕಾನ್‌ಸ್ಟಾಂಟಿನೋಪಲ್ ಗೋಡೆ ಒಡೆದ ತೋಪು ಎರೆದ ಓರ್ಬಾನ್ ಹಂಗೆರಿ ಕಡೆಯವನು. ಅವನು ಮೊದಲು ಕೆಲಸ ಕೇಳಿ ಹೋದದ್ದು ಅದೇ ನಗರದ ಚಕ್ರವರ್ತಿಯ ಹತ್ತಿರ! ಅಲ್ಲಿ ಸರಿಯಾಗಿ ಸಂಬಳ ಕೊಡಲು ದುಡ್ಡಿರಲಿಲ್ಲ. ಸುಲ್ತಾನನ ಹತ್ತಿರ ಹೋದ, ಕೇಳಿದ್ದಕ್ಕಿಂತ ಹೆಚ್ಚು ಸಿಕ್ಕಿತು. ಇಂಥ ತಿರುವನ್ನು ನಾವು ಕಟ್ಟಿ ಬರೆದಿದ್ದರೆ ಜನ ನಂಬುತ್ತಿರಲಿಲ್ಲ. ಮಲಿಕ್-ಎ-ಮೈದಾನ್ ಎರೆದ ಮಹಮ್ಮದ್ ಬಿನ್ ಹಸನ್ ರೂಮಿಯೂ ತುರ್ಕಿ ಕಡೆಯಿಂದ ಬಂದವನೇ. 1549ರಲ್ಲಿ, ಅಹಮದ್‌ನಗರದ ನಿಜಾಮ್ ಶಾಹಿ ಸುಲ್ತಾನನಿಗಾಗಿ ಎರೆದ. ಕೌಶಲ ಇರುವವನು ಊರು ಬಿಟ್ಟು ಊರಿಗೆ ಹೋಗುತ್ತಾನೆ, ದುಡ್ಡು ಇರುವ ಕಡೆ ನಿಲ್ಲುತ್ತಾನೆ. ನಿಮ್ಮ ಎರಕದವನಿಗೂ ಹಿಂದೆ ಒಬ್ಬ ಯಜಮಾನ ಇರಲಿ.

5. ಸಾಗಿಸುವುದು: ಇಲ್ಲಿ ಆತುರ ಬೇಡ

ಓರ್ಬಾನ್‌ನ ತೋಪು ಒಟ್ಟೊಮನ್ನರ ಆಗಿನ ರಾಜಧಾನಿ ಎಡಿರ್ನೆಯಲ್ಲಿ ತಯಾರಾಯಿತು. ಅಲ್ಲಿಂದ ಕಾನ್‌ಸ್ಟಾಂಟಿನೋಪಲ್‌ಗೆ ಸುಮಾರು 225 ಕಿಲೋಮೀಟರ್. ಎಳೆಯಲು 60 ಎತ್ತು, ಎರಡೂ ಪಕ್ಕ ಉರುಳದ ಹಾಗೆ ಹಿಡಿಯಲು ನೂರಾರು ಜನ. ಮುಂದೆ ಬಡಗಿಗಳು, ಕೂಲಿಯಾಳುಗಳು ದಾರಿ ಮಟ್ಟ ಮಾಡುತ್ತಾ, ಸೇತುವೆ ಕಟ್ಟುತ್ತಾ ಹೋಗಬೇಕು. ತಲುಪಲು ಸುಮಾರು ಎರಡು ತಿಂಗಳು ಹಿಡಿಯಿತು. ಆ ಎರಡು ತಿಂಗಳು ನಗರದವರು ಸುಮ್ಮನೆ ಕೂತಿರಲಿಲ್ಲ, ಗೋಡೆ ಗಟ್ಟಿ ಮಾಡಿಕೊಳ್ಳುತ್ತಿದ್ದರು.

ಮಾನ್ಸ್ ಮೆಗ್ ದಿನಕ್ಕೆ ಐದು ಕಿಲೋಮೀಟರ್ ಹೋದರೆ ದೊಡ್ಡದು. 1497ರಲ್ಲಿ ಇಂಗ್ಲೆಂಡಿನ ಮೇಲೆ ಹೊರಟಾಗ ಎಡಿನ್‌ಬರೊ ದಾಟುವಷ್ಟರಲ್ಲಿ ಗಾಡಿಯೇ ಮುರಿಯಿತು. ಮಲಿಕ್-ಎ-ಮೈದಾನ್ ಅನ್ನು 1632ರಲ್ಲಿ ಪರಾಂಡಾ ಕೋಟೆಯಿಂದ ವಿಜಯಪುರಕ್ಕೆ ತರಲು 10 ಆನೆ, 400 ಎತ್ತು, ನೂರಾರು ಆಳುಗಳು ಬೇಕಾದರು ಅಂತ ಹೇಳುತ್ತಾರೆ. ಆ ಭಾಗದ ಎರೆಮಣ್ಣು ಗೊತ್ತಿದ್ದವರಿಗೆ ಮಳೆಗಾಲದಲ್ಲಿ ಆ ಕೆಲಸ ಹೇಗಿರುತ್ತದೆ ಅಂತ ಬಿಡಿಸಿ ಹೇಳಬೇಕಿಲ್ಲ. ಬರೀ ಗಾಡಿಯೇ ಹೂತುಹೋಗುವ ಮಣ್ಣು ಅದು.

ಕೆಮ್ಮಜ್ಜಿಗೆ 120 ಎತ್ತು ಇಟ್ಟುಕೊಳ್ಳೋಣ. ದುಡಿಯುವ ಎತ್ತಿಗೆ ದಿನಕ್ಕೆ 8ರಿಂದ 10 ಕಿಲೋ ಒಣಮೇವು ಬೇಕು. 120 ಎತ್ತಿಗೆ ದಿನಕ್ಕೆ ಒಂದು ಟನ್ನಿನ ಆಸುಪಾಸು. ಹತ್ತು ದಿನದ ಮೇವು ಹೊತ್ತು ಹೋಗುವುದಾದರೆ ಅದಕ್ಕೆ ಬೇರೆ ಗಾಡಿಗಳು, ಆ ಗಾಡಿಗಳಿಗೆ ಬೇರೆ ಎತ್ತು, ಆ ಎತ್ತಿಗೆ ಬೇರೆ ಮೇವು. ಅದಕ್ಕೇ ಸೈನ್ಯಗಳು ದಾರಿಯ ಊರುಗಳನ್ನು ಬೋಳಿಸುತ್ತಾ ಹೋಗುತ್ತಿದ್ದವು. ಇದನ್ನು ನೀವು ಲೆಕ್ಕವಾಗಿ ಬರೆಯಬೇಡಿ. ಒಂದು ಮನೆಯ ಮುಂದೆ ನಿಲ್ಲಿಸಿ ಬರೆಯಿರಿ. ಹೀಗೆ:

"ಅವ್ವಾ, ನಿಮ್ಮ ಜೋಡೆತ್ತು ನಾಕು ದಿನದ ಮಟ್ಟಿಗೆ ಬೇಕಾಗ್ಯಾವು."

"ಬಿತ್ತಿಗಿ ಮುಗೀಲಿ ತಮ್ಮಾ, ಆಮ್ಯಾಲ ಹೊಡ್ಕೊಂಡು ಹೋಗು."

"ಅರಸರ ಅಪ್ಪಣಿ ಐತಬೇ."

"ಅರಸರ ಅಪ್ಪಣಿ ಮಳಿಗೆ ತಿಳಿತೈತೇನು? ಹಸಿ ಆರಿ ಹೋದ್ರ ನೀ ಬಂದು ಬಿತ್ತತೀಯೇನು?"

ಇಷ್ಟು ಸಾಕು. ಯುದ್ಧದ ಖರ್ಚು ಯಾರ ತಲೆಗೆ ಬಂತು ಅಂತ ಓದುಗರಿಗೆ ಗೊತ್ತಾಯಿತು.

ಸಾಗಿಸುವ ಭಾಗ ಬರೆಯುವಾಗ ನಕ್ಷೆ ಮುಂದಿಟ್ಟುಕೊಳ್ಳಿ. ಪ್ರತಿ ಹೊಳೆ, ಪ್ರತಿ ಏರು, ಪ್ರತಿ ಕೆಸರು ಜಾಗ ಗುರುತು ಮಾಡಿ. ಏರು ಎತ್ತಿಗೆ ಕಷ್ಟ. ಇಳಿಜಾರು ಮನುಷ್ಯರಿಗೆ ಇನ್ನೂ ಕಷ್ಟ, ಯಾಕೆಂದರೆ ಹಿಂದಿನಿಂದ ಹಗ್ಗ ಹಿಡಿದು ತಡೆಯಬೇಕು. ಹಗ್ಗ ಹರಿದರೆ ಮುಂದಿರುವ ಎತ್ತುಗಳ ಮೇಲೇ ತೋಪು ಹೋಗುತ್ತದೆ. ನಿಮ್ಮ ಶತ್ರುವಿಗೆ ಸ್ವಲ್ಪ ಬುದ್ಧಿ ಇದ್ದರೆ ಕೋಟೆಯಲ್ಲಿ ಕಾಯುವುದಿಲ್ಲ, ಇಂಥ ಇಳಿಜಾರಿನಲ್ಲಿ ಹಗ್ಗ ಕಡಿಯಲು ಇಬ್ಬರನ್ನು ಕಳಿಸುತ್ತಾನೆ.

ಎಳೆದುಕೊಂಡು ಹೋಗಲು ಆಗದಷ್ಟು ದೊಡ್ಡದು ಬೇಕೇ ಬೇಕು ಅಂದರೆ ತುಂಡು ಮಾಡಿ. 1464ರಲ್ಲಿ ಮುನೀರ್ ಅಲಿ ಎರೆದ ಒಟ್ಟೊಮನ್ ತೋಪು ಎರಡು ಭಾಗದಲ್ಲಿದೆ, ತಿರುಪು ತಿರುಗಿಸಿ ಜೋಡಿಸುವಂಥದ್ದು. ತೂಕ ಸುಮಾರು 17 ಟನ್.

6. ಹಾರಿಸುವ ಕೆಲಸವನ್ನು ಕೈಗಳಿಗೆ ಹಂಚಿ

ತೋಪಿನ ಸುತ್ತ ಕೆಲಸ ಮಾಡುವವರಿಗೆ ಒಬ್ಬೊಬ್ಬರಿಗೂ ಒಂದು ಕೆಲಸ, ಒಂದು ಅಭ್ಯಾಸ, ಒಂದು ಭಯ ಕೊಡಿ. ತೋಪು ಹಾರಿಸುವ ಗೋಲಂದಾಜ, ಮದ್ದು ಕಾಯುವವನು, ಗುಂಡು ಕಡೆಯುವ ಕಲ್ಲುಕುಟಿಗ, ನಳಿಗೆ ಒರೆಸುವವನು, ಬಡಗಿ. ಕಲ್ಲುಕುಟಿಗನನ್ನು ಮರೆಯಬೇಡಿ. ಗುಂಡು ಒಂದೊಂದೂ ಕೈಯಲ್ಲೇ ಕಡೆದದ್ದು, ದುಂಡು ತಪ್ಪಿದರೆ ಒಳಗೇ ಸಿಕ್ಕಿಕೊಳ್ಳುತ್ತದೆ.

ಕೆಮ್ಮಜ್ಜಿಯಲ್ಲಿ ಕ್ರಮ ಹೀಗಿದೆ. ಹೊತ್ತು ಮುಳುಗಿದ ಮೇಲೆ ಕಿವಿಯ ಮುಚ್ಚಳ ತೆಗೆಯುತ್ತಾರೆ. ಬೆಂಕಿಗೆ ಹಿಡಿದು ಬಿಗಿ ಮಾಡಿದ ಡೊಳ್ಳುಗಳು ಸರದಿಯಲ್ಲಿ ಬರುತ್ತವೆ. ತಾಳ ತಪ್ಪುವಂತಿಲ್ಲ, ತಪ್ಪಿದ ಪೆಟ್ಟು ಒಳಗೆ ಬೇರೆ ನಾದವಾಗಿ ನಿಂತು ಕಂಚನ್ನು ಸೀಳುತ್ತದೆ. ತಮ್ಮ ಸದ್ದೇ ತಮಗೆ ಕೇಳಿಸದೆ ತಾಳ ಹಿಡಿಯುವುದು ಹೇಗೆ? ಮುಂದಿರುವ ಮುದುಕನ ಹೆಜ್ಜೆ ನೋಡಿ. ಕೋಳಿ ಕೂಗುವ ಹೊತ್ತಿಗೆ ಕಿವಿಗೆ ಹಸಿ ಚರ್ಮ ಹೊದಿಸಿ ಮೇಣ ಮೆತ್ತುತ್ತಾರೆ. ಎಲ್ಲೋ ಒಂದು ಕಡೆ ಮೇಣ ಬಿಟ್ಟು ಸದ್ದು ಸೋರುತ್ತದೆ, ಖೊಕ್ ಖೊಕ್ ಅಂತ. ಹೆಸರು ಬಂದದ್ದು ಹಾಗೆ. ಆಮೇಲೆ ಬಾಯಿಯಿಂದ ಗುಂಡು ತಳ್ಳಿ, ಎಲ್ಲರೂ ದೂರ ಸರಿದು, ಒಬ್ಬಳು ಮಾತ್ರ ಕಂಚಿನ ಕೋಲಿನಿಂದ ತಟ್ಟುತ್ತಾಳೆ.

ದಿನಕ್ಕೆ ಒಂದೇ ಸಲ. ಇದು ಕಡಿಮೆ ಅನ್ನಿಸಿದರೆ ಓರ್ಬಾನ್‌ನ ತೋಪು ನೋಡಿ, ದಿನಕ್ಕೆ ಏಳು ಸಲ ಮಾತ್ರ ಹಾರುತ್ತಿತ್ತು. ಪ್ರತಿ ಸಲ ಕಾದ ಲೋಹ ಬಿರುಕು ಬಿಡದಂತೆ ಎಣ್ಣೆ ಸುರಿಯುತ್ತಿದ್ದರು. ಈ ನಿಧಾನವೇ ನಿಮಗೆ ಬೇಕಾದದ್ದು. ಎರಡು ಗುಂಡುಗಳ ನಡುವೆ ಜನ ಮಾತಾಡಬಹುದು, ಜಗಳವಾಡಬಹುದು, ಓಡಿಹೋಗಬಹುದು.

ಮಲಿಕ್-ಎ-ಮೈದಾನ್ ಬಗ್ಗೆ ವಿಜಯಪುರದಲ್ಲಿ ಒಂದು ಮಾತಿದೆ. ಬತ್ತಿ ಹಚ್ಚಿದವನು ಪಕ್ಕದ ನೀರಿನ ತೊಟ್ಟಿಗೆ ಹಾರಿ ತಲೆ ಮುಳುಗಿಸಿಕೊಳ್ಳುತ್ತಿದ್ದನಂತೆ, ಕಿವಿ ಉಳಿಸಿಕೊಳ್ಳಲು. ನಿಜವೋ ಕತೆಯೋ, ನಿಮ್ಮ ಗೋಲಂದಾಜನಿಗೆ ಇಂಥ ಒಂದು ತೊಟ್ಟಿ ಬೇಕು.

ಕರಿಮದ್ದು ಬಳಸುವವರಿಗೆ ಎರಡು ಸಣ್ಣ ವಿಷಯ. ಬೆಳಕು ಮೊದಲು ಕಾಣುತ್ತದೆ, ಸದ್ದು ಆಮೇಲೆ ಬರುತ್ತದೆ. ಸದ್ದಿನ ವೇಗ ಸೆಕೆಂಡಿಗೆ ಸುಮಾರು 340 ಮೀಟರ್. ಒಂದು ಕಿಲೋಮೀಟರ್ ದೂರದ ಬುರುಜಿನ ಮೇಲೆ ನಿಂತವನಿಗೆ ಮಿಂಚು ಕಂಡ ಸುಮಾರು ಮೂರು ಸೆಕೆಂಡಿನ ಮೇಲೆ ಗುಡುಗು. ಆ ಮೂರು ಸೆಕೆಂಡು ಬರೆಯಿರಿ. ಮತ್ತೆ ಹೊಗೆ. ಹಾರಿಸಿದವರಿಗೆ ಗುಂಡು ಎಲ್ಲಿ ಬಿತ್ತು ಅಂತ ತಕ್ಷಣ ಕಾಣುವುದೇ ಇಲ್ಲ, ಗಾಳಿ ಬಂದು ಹೊಗೆ ಸರಿಯಬೇಕು.

ಗುಂಡೇ ಬೇಕು ಅಂತಲೂ ಇಲ್ಲ. 1565ರ ತಾಳಿಕೋಟೆ ಯುದ್ಧದಲ್ಲಿ ತೋಪುಗಳಿಗೆ ತಾಮ್ರದ ನಾಣ್ಯದ ಚೀಲಗಳನ್ನು ತುಂಬಿ ಹತ್ತಿರದಿಂದ ಹಾರಿಸಿದರು ಅಂತ ಫಾರ್ಸಿ ಇತಿಹಾಸಕಾರರು ಬರೆದಿದ್ದಾರೆ. ವಿಜಯನಗರದ ಸೈನಿಕರ ಮೈಗೆ ದುಡ್ಡೇ ಬಂದು ಹೊಡೆಯಿತು. ಕಲ್ಪಿಸಿ ಬರೆದರೆ ಅತಿಯಾಯಿತು ಅನ್ನುತ್ತಿದ್ದರೇನೋ.

7. ಕೈಕೊಡಲಿ

ತೋಪು ಒಮ್ಮೆಯಾದರೂ ಕೈಕೊಡಬೇಕು. 1460ರಲ್ಲಿ ರಾಕ್ಸ್‌ಬರೊ ಕೋಟೆಗೆ ಮುತ್ತಿಗೆ ಹಾಕಿದ್ದ ಸ್ಕಾಟ್ಲೆಂಡಿನ ಎರಡನೇ ಜೇಮ್ಸ್ ದೊರೆ ಪಕ್ಕದಲ್ಲಿ ಸಿಡಿದ ತನ್ನದೇ ತೋಪಿಗೆ ಬಲಿಯಾದ. ದೊರೆಗೆ ತೋಪುಗಳ ಮೇಲೆ ಬಹಳ ಪ್ರೀತಿ, ಮಾನ್ಸ್ ಮೆಗ್ ಸ್ಕಾಟ್ಲೆಂಡಿಗೆ ಬಂದದ್ದೂ ಅವನ ಕಾಲದಲ್ಲೇ.

ಸಿಡಿಯುವುದೊಂದೇ ಅಲ್ಲ. ಗುಂಡು ಗೋಡೆಗೆ ತಾಗಿಯೂ ಕೆಲಸ ಆಗದಿರಬಹುದು. ಕಾನ್‌ಸ್ಟಾಂಟಿನೋಪಲ್‌ನಲ್ಲಿ ಹಗಲು ಬಿದ್ದ ಗೋಡೆಯನ್ನು ರಾತ್ರಿ ಜನ ಮಣ್ಣು, ಮರ, ಪೀಪಾಯಿ ಏನು ಸಿಕ್ಕಿದರೂ ಒಟ್ಟಿ ಮುಚ್ಚುತ್ತಿದ್ದರು. ಕಲ್ಲಿನ ಗೋಡೆಗಿಂತ ಆ ಮೆತ್ತಗಿನ ಮಣ್ಣಿನ ರಾಶಿಯೇ ಗುಂಡನ್ನು ಚೆನ್ನಾಗಿ ನುಂಗುತ್ತಿತ್ತು. ಅಷ್ಟು ದೊಡ್ಡ ತೋಪಿದ್ದೂ ಮುತ್ತಿಗೆ ಏಪ್ರಿಲ್ 6ರಿಂದ ಮೇ 29ರವರೆಗೆ ನಡೆಯಿತು. ಮಂಜಿನಕೋಟೆಯವರಿಗೂ ಇಂಥ ಒಂದು ಉಪಾಯ ಹೊಳೆಯಲಿ. ಅವರು ಏನೂ ತೂರಬೇಕಿಲ್ಲ. ರಾತ್ರಿ ಒಬ್ಬನೇ ಒಬ್ಬ ಹತ್ತಿರ ಬಂದು ತಾಳ ತಪ್ಪಿ ಚಪ್ಪಾಳೆ ತಟ್ಟಿದರೆ ಸಾಕು.

ಗೆಲುವಿನಲ್ಲೂ ತೊಂದರೆ ಇರಲಿ. 1304ರಲ್ಲಿ ಇಂಗ್ಲೆಂಡಿನ ಒಂದನೇ ಎಡ್ವರ್ಡ್ ಸ್ಟರ್ಲಿಂಗ್ ಕೋಟೆಯ ಮುಂದೆ ವಾರ್‌ವುಲ್ಫ್ ಅನ್ನುವ ಭಾರೀ ಕವಣೆಯಂತ್ರ ಕಟ್ಟಿಸುತ್ತಿದ್ದ. ಕೆಲಸ ಮುಗಿಯುವಷ್ಟರಲ್ಲಿ ಒಳಗಿನವರು ಶರಣಾಗುತ್ತೇವೆ ಅಂದರು. ಎಡ್ವರ್ಡ್ ಒಪ್ಪಲಿಲ್ಲ, ಯಂತ್ರ ಹೊಡೆಯುವುದನ್ನು ನೋಡಬೇಕಿತ್ತು ಅವನಿಗೆ. ಹೊಡೆದ ಮೇಲೆಯೇ ಶರಣಾಗತಿ. ಅಷ್ಟು ಖರ್ಚು ಮಾಡಿಸಿದ ಅರಸ ಸುಮ್ನೆ ವಾಪಸ್ ಹೋಗುತ್ತಾನಾ? ನಿಮ್ಮ ಅರಸನೂ ಹೀಗೇ ಇರಲಿ. ಕೆಮ್ಮಜ್ಜಿ ತುಂಬಿದ ಬೆಳಿಗ್ಗೆಯೇ ಕೋಟೆಯ ಬಾಗಿಲು ತೆರೆಯಿತು ಅಂತಿಟ್ಟುಕೊಳ್ಳಿ. ಈಗ ಹಾರಿಸಬೇಕೋ ಬೇಡವೋ? ಕೋಲು ಹಿಡಿದವಳು ಆ ಹುಡುಗಿ.

8. ಹೆಸರು, ಅಲಂಕಾರ

ಹೆಸರು ಎರಡಿರಲಿ. ಅರಮನೆಯವರು ಇಟ್ಟದ್ದೊಂದು, ಎಳೆಯುವವರು ಕರೆಯುವುದೊಂದು. ಶಾಸನದಲ್ಲಿ ರಣಕೇಸರಿ, ಡೇರೆಯಲ್ಲಿ ಕೆಮ್ಮಜ್ಜಿ. ಅಲಂಕಾರಕ್ಕೆ ಮಲಿಕ್-ಎ-ಮೈದಾನ್ ಬಾಯಿ ನೋಡಿ ಬನ್ನಿ: ಸಿಂಹ ಬಾಯಿ ತೆರೆದು ಆನೆಯನ್ನು ನುಂಗುತ್ತಿದೆ. ಬರೀ ತೋರಿಕೆಗಾಗಿಯೇ ಇರುವ ತೋಪು ಬೇಕಾದರೆ ಮಾಸ್ಕೋದ ಕ್ರೆಮ್ಲಿನ್‌ನಲ್ಲಿ 1586ರ ತ್ಸಾರ್ ತೋಪಿದೆ. ಯುದ್ಧದಲ್ಲಿ ಎಂದೂ ಹಾರಲಿಲ್ಲ, ಮುಂದೆ ಜೋಡಿಸಿಟ್ಟ ಗುಂಡುಗಳು ಅದರ ಬಾಯಿಗೆ ಹಿಡಿಸುವುದೂ ಇಲ್ಲ.

9. ಯುದ್ಧ ಮುಗಿದ ಮೇಲೆ ಅದನ್ನು ಏನು ಮಾಡಿದರು?

ದೈತ್ಯ ತೋಪುಗಳು ಮನುಷ್ಯರಿಗಿಂತ ಹೆಚ್ಚು ಕಾಲ ಬದುಕುತ್ತವೆ. ಮುನೀರ್ ಅಲಿಯ ತೋಪಿನ ಜಾತಿಯ ಹಳೇ ತೋಪುಗಳು 1807ರಲ್ಲಿ ಡಾರ್ಡನೆಲ್ಸ್ ಜಲಸಂಧಿಯಲ್ಲಿ ಬ್ರಿಟಿಷ್ ಹಡಗುಗಳ ಮೇಲೆ ಕಲ್ಲುಗುಂಡು ಹಾರಿಸಿದವು. ಮುನ್ನೂರು ವರ್ಷ ದಾಟಿದ್ದವು ಆಗ. 1866ರಲ್ಲಿ ಒಟ್ಟೊಮನ್ ಸುಲ್ತಾನ ಮುನೀರ್ ಅಲಿಯ ತೋಪನ್ನು ವಿಕ್ಟೋರಿಯಾ ರಾಣಿಗೆ ಉಡುಗೊರೆ ಕೊಟ್ಟ, ಈಗ ಇಂಗ್ಲೆಂಡಿನ ಫೋರ್ಟ್ ನೆಲ್ಸನ್‌ನಲ್ಲಿದೆ. ಮಾನ್ಸ್ ಮೆಗ್ ಅನ್ನು ಮುದಿಯಾದ ಮೇಲೆ ಗೌರವ ಸಲ್ಲಿಸಲು ಹಾರಿಸುತ್ತಿದ್ದರು. 1680ರ ದಶಕದ ಆರಂಭದಲ್ಲಿ ಅಂಥದ್ದೇ ಒಂದು ಸಂದರ್ಭದಲ್ಲಿ ಬಳೆ ಬಿಚ್ಚಿಕೊಂಡಿತು. ಆ ಒಡಕು ಇವತ್ತಿಗೂ ಕಾಣುತ್ತದೆ.

ಮಲಿಕ್-ಎ-ಮೈದಾನ್ ಕತೆ ಇನ್ನೂ ವಿಚಿತ್ರ. 1854ರಲ್ಲಿ ಹಳೇ ಲೋಹ ಅಂತ ಹರಾಜಿಗೆ ಹಾಕಿದರು, 150 ರೂಪಾಯಿಗೆ ಹೋಯಿತು. ಆಮೇಲೆ ಯಾರಿಗೋ ಬುದ್ಧಿ ಬಂದು ಮಾರಾಟ ರದ್ದಾಯಿತು. ಹಾಗಾಗಿ ಇವತ್ತು ಬುರುಜಿನ ಮೇಲೆ ನೋಡಲು ಸಿಗುತ್ತದೆ.

ಎರಡನೇ ಭಾಗ ಬರೆಯುವ ಯೋಚನೆ ಇದ್ದರೆ ಇಲ್ಲಿಂದಲೇ ಶುರುಮಾಡಿ. ಮುನ್ನೂರು ವರ್ಷ ಆಗಿದೆ. ಡೊಳ್ಳಿನವರ ವಿಷಯ ಯಾರಿಗೂ ನೆನಪಿಲ್ಲ. ಕಿವಿಯ ಮೇಲಿನ ಮೇಣ ಕಲ್ಲಾಗಿದೆ. ಹರಾಜಿನಲ್ಲಿ ಕೊಂಡ ವ್ಯಾಪಾರಿ ಕಂಚು ಕರಗಿಸಿ ಕೊಪ್ಪರಿಗೆ ಮಾಡಿಸಲು ಕುಲುಮೆ ಹೊತ್ತಿಸಿದ್ದಾನೆ. ಒಳಗೆ ಏನಾದರೂ ಉಳಿದಿದೆಯಾ ಅಂತ ಯಾರಾದರೂ ಒಮ್ಮೆ ಕೇಳಬೇಕಲ್ವಾ?